ಹೆಸರಿಗೊಂದು ಮನೆ ಬೇಡವೇ?

ಗಂಡುಮಗುವಿಗೆ ಮೇಸನ್, ಟೈಲರ್, ಕಾರ್ಟರ್ ಎಂದು ಹೆಸರಿಡುವ ಒಲವು ನಮ್ಮಲ್ಲೂ ಇಣುಕುತ್ತಿದೆ. ಹೆಸರು ಚಿಕ್ಕದು, ಕರೆಯಲು ಸುಲಭ, ನಿಜ. ಆದರೆ ಇವು ಇಂಗ್ಲೆಂಡಿನ ಕುಲನಾಮಗಳು. ಕ್ರಮವಾಗಿ ಕಲ್ಲುಕೆಲಸದವ, ಹೆಂಚು ಹೊದಿಸುವವ, ಗಾಡಿ ಹೊಡೆಯುವವ ಎಂದರ್ಥ. ಕಸುಬಿನಲ್ಲಿ ಕೀಳೆಂಬುದಿಲ್ಲ, ಯೇಸುಸ್ವಾಮಿಯೂ ಬಡಗಿಯೇ. ಅರ್ಥವನ್ನೇ ಅರಿಯದೆ ಆರಿಸುವುದು ಕೊರತೆ.

ಕೇರಳದ ಗಡಿಗೆ ತಾಗಿದ ಕರಿಕೆಯನ್ನು ಒಳಗೊಂಡ ಕೊಡಗಿನಲ್ಲಿ ಮನೆಹೆಸರಿಗೆ ದೊಡ್ಡ ಮಾನ್ಯತೆಯುಂಟು. 1949ರಲ್ಲಿ ಸೇನೆಯ ಮೊದಲ ಭಾರತೀಯ ಮಹಾದಂಡನಾಯಕರಾದ ಕೊಡಂದೇರ ಮಾದಪ್ಪ ಕಾರ್ಯಪ್ಪನವರ ಹೆಸರಿನಲ್ಲಿ ಒಕ್ಕದ ಹೆಸರೇ ಮುಂದಿದೆ. ಅದು ಅವರದೇ ಮನೆ. ಕ್ಸೇವಿಯರ್ ಎಂಬುದೂ ಮೂಲತಃ ಒಂದು ಕೋಟೆಯ ಹೆಸರು. ಬಾಸ್ಕ್ ಭಾಷೆಯಲ್ಲಿ ‘ಹೊಸ ಮನೆ’. ಸಂತ ಫ್ರಾನ್ಸಿಸರ ಬಾಳು ಅದನ್ನು ಎಲ್ಲರದಾಗಿಸಿತು.

1983ರ ಧರ್ಮಸಭೆಯ ಕಾನೂನು ಸಂಹಿತೆಯ 855ನೆಯ ವಿಧಿಯು ಸಂತರ ಹೆಸರನ್ನು ಕಡ್ಡಾಯಗೊಳಿಸುವುದಿಲ್ಲ. ಕ್ರೈಸ್ತ ಭಾವನೆಗೆ ಹೊರತಾದ ಹೆಸರು ಬೇಡವೆನ್ನುತ್ತದೆ, ಅಷ್ಟೇ. ಆದ್ದರಿಂದ ಮೇಸನ್ ನಿಷಿದ್ಧವಲ್ಲ. ಆದರೆ ಜ್ಞಾನಸ್ನಾನದ ತೊಟ್ಟಿಯ ಬಳಿ ಉಚ್ಚರಿಸುವ ಹೆಸರು ಬಾಳಿನುದ್ದಕ್ಕೂ ಜೊತೆ ಬರುವಂಥದು. ‘ನನಗೇಕೆ ಈ ಹೆಸರು?’ ಎಂದು ಮಗು ಕೇಳುವ ದಿನ ಬಂದೇ ಬರುತ್ತದೆ. ಅಂದು ‘ಕೇಳಲು ಚೆನ್ನಾಗಿತ್ತು’ ಎಂಬುದಕ್ಕಿಂತ ಹೆಚ್ಚಿನ ಉತ್ತರ ನಿಮ್ಮಲ್ಲಿರಲಿ: ಅಜ್ಜನೊಬ್ಬನ ನೆನಪು, ಸಂತನೊಬ್ಬನ ಬಾಳು ಅಥವಾ ನಿಮ್ಮದೇ ಮನೆಯೊಂದರ ಕಥೆ.