ಪ್ಯಾಡಿ ಚಯೆಫ್‌ಸ್ಕಿ: ಮಾತಿನಿಂದ ಭಾಷಣಕ್ಕೆ

ಅಮೆರಿಕದ ಚಿತ್ರಕಥಾಲೇಖಕ ಪ್ಯಾಡಿ ಚಯೆಫ್‌ಸ್ಕಿಯ (1923–1981) ಹೆಸರೆತ್ತಿದರೆ ರಸಿಕರು ಮೊದಲು ನೆನೆಯುವುದು 1976ರ ‘ನೆಟ್‌ವರ್ಕ್’ ಚಿತ್ರವನ್ನು. ನನ್ನ ಅಭಿಪ್ರಾಯ ಬೇರೆ. ಆತನ ನಿಜವಾದ ಸಿದ್ಧಿ ಅದಕ್ಕೆ 23 ವರ್ಷ ಮೊದಲು ಟೆಲಿವಿಷನ್ನಿಗೆಂದು ಬರೆದ ‘ಮಾರ್ಟಿ’ಯಲ್ಲಿದೆ.

1953ರಲ್ಲಿ ಎನ್‌ಬಿಸಿ ಪ್ರಸಾರ ಮಾಡಿದ ಈ ನಾಟಕವನ್ನು ನಟರು ಕ್ಯಾಮೆರಾದ ಮುಂದೆ ಆಡುತ್ತಿದ್ದಂತೆಯೇ ಜನ ಮನೆಯಲ್ಲಿ ಕುಳಿತು ನೋಡಿದರು. ತಪ್ಪಿದರೆ ತಿದ್ದುವಂತಿಲ್ಲ, ಭವ್ಯ ದೃಶ್ಯಗಳಿಗೆ ಎಡೆಯಿಲ್ಲ. ಇದ್ದದ್ದು ಮುಖ ಮತ್ತು ಮಾತು. ಆ ಬಡತನವನ್ನೇ ಚಯೆಫ್‌ಸ್ಕಿ ಬಂಡವಾಳ ಮಾಡಿಕೊಂಡ. ನಾಯಕ ಬ್ರಾಂಕ್ಸಿನ ಮಾಂಸದಂಗಡಿಯಲ್ಲಿ ದುಡಿಯುವವನು. ತಾನು ಕುರೂಪಿಯೆಂದು ತಾನೇ ತೀರ್ಮಾನಿಸಿಕೊಂಡವನು. ಮದುವೆಯಾಗೆಂದು ತಾಯಿಯ ಕಾಟ. ಹೆಣ್ಣೊಬ್ಬಳು ಸಿಕ್ಕಾಗ ಅದೇ ತಾಯಿಗೆ ಅಳುಕು. ಸಂಜೆ ಏನು ಮಾಡೋಣವೆಂದು ಗೆಳೆಯರು ಒಬ್ಬರನ್ನೊಬ್ಬರು ಕೇಳುತ್ತಲೇ ಕಾಲ ಕಳೆಯುತ್ತಾರೆ. ಆ ಹುರುಳಿಲ್ಲದ ಪ್ರಶ್ನೆಯಲ್ಲಿ ಅವರ ಒಂಟಿತನವೆಲ್ಲ ಕೇಳಿಸುತ್ತದೆ. 1955ರಲ್ಲಿ ಅದೇ ಕತೆ ಚಲಚ್ಚಿತ್ರವಾಗಿ ಕಾನ್ ಉತ್ಸವದ ಪರಮ ಪ್ರಶಸ್ತಿಯನ್ನೂ ನಾಲ್ಕು ಆಸ್ಕರ್‌ಗಳನ್ನೂ ಗೆದ್ದಿತು.

ಆಮೇಲಿನ ಚಯೆಫ್‌ಸ್ಕಿ ಬೇರೆಯವನೇ. ‘ದಿ ಹಾಸ್ಪಿಟಲ್’ (1971), ‘ನೆಟ್‌ವರ್ಕ್’ ಎರಡಕ್ಕೂ ಚಿತ್ರಕಥೆಯ ಆಸ್ಕರ್ ಬಂದಿತು, ನಿಜ. ಆದರೆ ಪಾತ್ರಗಳು ಮಾತು ಬಿಟ್ಟು ಭಾಷಣಕ್ಕೆ ನಿಂತವು. ಕೆಲಸ ಕಳೆದುಕೊಳ್ಳಲಿರುವ ವಾರ್ತಾವಾಚಕ ತೆರೆಯ ಮೇಲೆ ಹುಚ್ಚೆದ್ದು ಕೂಗುವುದು, ಆ ಹುಚ್ಚನ್ನು ಸಂಸ್ಥೆ ಮಾರುವುದು, ನೋಡುವವರು ಕಡಮೆಯಾದಾಗ ಅವನನ್ನು ಕೊಲ್ಲಿಸುವುದು—ವಿಡಂಬನೆಯಾಗಿ ‘ನೆಟ್‌ವರ್ಕ್’ ಭೀಕರವಾದುದು. ತನ್ನನ್ನು ಬೆಳೆಸಿದ ಟೆಲಿವಿಷನ್ ಕೆಟ್ಟದ್ದನ್ನು ಕಂಡ ಲೇಖಕ ಕೂಗದಿರಲಾದೀತೆ ಎಂದು ಓದುಗರು ಕೇಳಬಹುದು. ಕೂಗಲಿ; ಆದರೆ ಎಲ್ಲರ ಬಾಯಲ್ಲೂ ಲೇಖಕನ ದನಿಯೇ ಕೇಳಿಸಿದರೆ ಪಾತ್ರಗಳು ಬದುಕುವುದೆಲ್ಲಿ?

ಒಂದು ಕಡೆ ಮಾತ್ರ ಹಳೆಯ ಚಯೆಫ್‌ಸ್ಕಿ ಮರಳುತ್ತಾನೆ. ಬೇರೆ ಹೆಣ್ಣಿಗೆ ಮನಸೋತೆನೆಂದು ವಯಸ್ಸಾದ ಗಂಡ ಹೇಳಿದಾಗ, ಇಷ್ಟು ವರ್ಷದ ಸಂಸಾರಕ್ಕೆ ಸಲ್ಲುವ ಗೌರವವನ್ನಾದರೂ ಕೊಡೆಂದು ಹೆಂಡತಿ ಕೇಳುತ್ತಾಳೆ. ಆ ಪಾತ್ರದ ಬಿಯಾಟ್ರಿಸ್ ಸ್ಟ್ರೇಟ್ ತೆರೆಯ ಮೇಲಿರುವುದು ಕೆಲವೇ ನಿಮಿಷ. ಆಸ್ಕರ್ ಆಕೆಗೂ ಬಂದಿತು.

ತನ್ನ ಬರವಣಿಗೆಯ ಬಗ್ಗೆ ಆತನ ಅಭಿಮಾನ ಸಣ್ಣದಲ್ಲ. 1980ರ ‘ಆಲ್ಟರ್ಡ್ ಸ್ಟೇಟ್ಸ್’ನಲ್ಲಿ ನಿರ್ದೇಶಕ ಕೆನ್ ರಸೆಲ್‌ರೊಡನೆ ಮನಸ್ತಾಪವಾಗಿ, ಜಗತ್ತು ಬಲ್ಲ ಹೆಸರನ್ನು ತೆಗೆಸಿ ಸಿಡ್ನಿ ಆರನ್ ಎಂದು ಹಾಕಿಸಿದ, ಅದು ಆತನ ಹುಟ್ಟುಹೆಸರು. ಆ ಹಟವನ್ನು ಗೌರವಿಸುತ್ತೇನೆ. ಆದರೂ ನನ್ನ ನೆನಪಿನಲ್ಲಿ ಉಳಿದಿರುವುದು ಕಿಟಕಿ ತೆರೆದು ಕೂಗುವ ನಗರವಲ್ಲ. ಗೆಳೆಯರ ಹಂಗು ತೊರೆದು ಆ ಹುಡುಗಿಗೆ ಫೋನು ಮಾಡಲು ಹೊರಡುವ ಮಾರ್ಟಿ.