ದೇವಿಯ ಪುರಾಣ, ಶರಣೆಯರ ಅಂಕಿತ

ನವರಾತ್ರಿಯಲ್ಲಿ ಬೆಳಗಾವಿಯ ಸದಾಶಿವನಗರದಂಥ ಬಡಾವಣೆಗಳಲ್ಲಿಯೂ ಖಾನಾಪುರದ ಕಡೆಯ ಹಳ್ಳಿಗಳಲ್ಲಿಯೂ ಚಿದಾನಂದಾವಧೂತರ ದೇವೀ ಮಹಾತ್ಮೆಯ ಪಾರಾಯಣ ನಡೆಯುವುದುಂಟು. ಷಟ್ಪದಿಯ ಓಟಕ್ಕೆ ತಲೆದೂಗುತ್ತ ಮಹಿಷಾಸುರನ ಸಂಹಾರವನ್ನು ಕೇಳುವ ಭಕ್ತರಿಗೆ ಆ ರಸಾವೇಶದಲ್ಲಿ ಒಂದು ಸಂಗತಿ ಮರೆತುಹೋಗುತ್ತದೆ. ದೇವಿಗೆ ಜಯಜಯಕಾರ ಮೊಳಗುವ ಹೊತ್ತಿಗೂ ಮನೆಯ ತಾಯಿ ನೈವೇದ್ಯದ ಒಲೆಯ ಮುಂದೆಯೇ ಇರುತ್ತಾಳೆ. ಇದು ಕಾವ್ಯದ ದೋಷವಲ್ಲ, ಕೇಳುವವರದು. ದೇವಿಯನ್ನು ಪೂಜಿಸಿದ ಮಾತ್ರಕ್ಕೆ ಹೆಣ್ಣಿಗೆ ಗೌರವ ಸಂದಿತೆಂಬ ಭ್ರಮೆ ನಮ್ಮದು. ಇದೇ ಜಿಲ್ಲೆಯ ಸವದತ್ತಿಯ ಎಲ್ಲಮ್ಮನ ಹೆಸರಿನಲ್ಲಿಯೇ ಎಳೆಯ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟಲಾಗುತ್ತಿತ್ತು. ಅಂಥ ಪದ್ಧತಿಯನ್ನು ತಡೆಯಲು 1982ರ ಕಾಯಿದೆ ಬೇಕಾಯಿತು.

ಹನ್ನೆರಡನೆಯ ಶತಮಾನದ ಶರಣೆಯರು ಶಕ್ತಿಯನ್ನು ರಣರಂಗದಲ್ಲಿ ಅರಸಲಿಲ್ಲ. ಅಂಗಳದಲ್ಲಿ, ಅಡುಗೆಮನೆಯಲ್ಲಿ ಕಂಡುಕೊಂಡರು. ಆಯ್ದಕ್ಕಿ ಲಕ್ಕಮ್ಮನ ಕಥೆಯನ್ನು ವಾಚಕರು ಬಲ್ಲರು. ಪತಿ ಮಾರಯ್ಯ ಒಂದು ದಿನ ಎಂದಿಗಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ, ಮಿಕ್ಕುದನ್ನು ಅಲ್ಲಿಯೇ ಸುರಿದು ಬನ್ನಿರೆಂದು ಹೇಳಿ ಕಳುಹಿಸಿದಳು. ಪ್ರವಚನಗಳಲ್ಲಿ ಇದನ್ನು ಪಾತಿವ್ರತ್ಯದ ನಿದರ್ಶನವೆಂದು ಕೊಂಡಾಡುವುದನ್ನು ಕೇಳಿದ್ದೇನೆ. ನನಗೆ ಒಪ್ಪಿಗೆಯಿಲ್ಲ. ಗಂಡನನ್ನು ತಿದ್ದಿದವಳನ್ನು ಪತಿವ್ರತೆಯ ಹಳೆಯ ಅಚ್ಚಿನಲ್ಲಿ ಕೂಡಿಸುವುದೆಂತು? ಆಕೆ ಅಳೆದುದು ಗಂಡನ ಇಚ್ಛೆಯನ್ನಲ್ಲ, ದಾಸೋಹಕ್ಕೆ ಬೇಕಾದ ಅಕ್ಕಿಯನ್ನು. ಆಸೆಗೆ ಗೆರೆ ಎಳೆದ ಆ ಕೈಯೇ ಗುರುವಿನ ಕೈ.

'ಆಕೆಯ ಅಂಕಿತದಲ್ಲಿಯೂ ಗಂಡನ ಹೆಸರೇ ಇದೆಯಲ್ಲ?' ಎಂದು ಕೇಳುವವರಿದ್ದಾರೆ. ಪ್ರಶ್ನೆ ಹುರುಳುಳ್ಳದ್ದೇ. ಮಾರಯ್ಯಪ್ರಿಯ ಅಮರೇಶ್ವರಲಿಂಗ ಎಂಬುದು ಲಕ್ಕಮ್ಮನ ಅಂಕಿತ. ಆದರೆ ಅದರ ಪಕ್ಕದಲ್ಲಿ ಗಂಗಾಂಬಿಕೆಯದನ್ನು ಇಟ್ಟು ನೋಡಬೇಕು: ಗಂಗಾಪ್ರಿಯ ಕೂಡಲಸಂಗಮದೇವ. ಬಸವಣ್ಣನವರು ನೆನೆದ ದೈವವೇ ಇಲ್ಲಿ ಗಂಗೆಗೆ ಪ್ರಿಯನಾದವನು! ಎಂ.ಕೆ. ಹುಬ್ಬಳ್ಳಿಯಲ್ಲಿ ಮಲಪ್ರಭೆಯ ನಡುವಿನ ಆಕೆಯ ಐಕ್ಯಸ್ಥಳಕ್ಕೆ ಹೋಗಿಬರುವ ನಮ್ಮ ಜನ, ಆಕೆಯನ್ನು ಬಸವಣ್ಣನವರ ಧರ್ಮಪತ್ನಿಯೆಂದು ನೆನೆಯುವಷ್ಟು ವಚನಕಾರ್ತಿಯೆಂದು ನೆನೆಯುವುದಿಲ್ಲ. ಒಂದು ಅಂಕಿತದಲ್ಲಿ ಗಂಡನ ಹೆಸರು, ಇನ್ನೊಂದರಲ್ಲಿ ತನ್ನದೇ ಹೆಸರು. ಎರಡೂ ಆಯ್ಕೆಗಳು ಆ ಅನುಭಾವಕ್ಕೆ ಒಪ್ಪಿತವಾಗಿದ್ದವು. ಹಾಗಿರಲು ಲಕ್ಕಮ್ಮನ ಅಂಕಿತವನ್ನು ಅಧೀನತೆಯ ಮುದ್ರೆಯೆಂದು ಓದುವುದು ಆತುರದ ವಿಮರ್ಶೆ.

ಇನ್ನು ಸತ್ಯಕ್ಕ. ಶರಣರ ಅಂಗಳ ಗುಡಿಸುವುದು ಆಕೆಯ ಕಾಯಕ. ಶಂಭುಜಕ್ಕೇಶ್ವರ ಎಂಬ ಅಂಕಿತದಲ್ಲಿ ಗಂಡನ ಹೆಸರೂ ಇಲ್ಲ, ತನ್ನ ಹೆಸರೂ ಇಲ್ಲ.  ಪಾರಾಯಣ ಮುಗಿದ ಮರುದಿನ ಬೆಳಗಿನಲ್ಲಿ ನಮ್ಮ ಅಂಗಳಗಳಲ್ಲಿ ಪೊರಕೆ ಹಿಡಿದು ನಿಂತವರನ್ನು ಆಕೆಯ ವಂಶದವರೆಂದು ನಾವಿನ್ನೂ ಗುರುತಿಸಿಲ್ಲ.