ಜಪ್ತಿಯಾದ ವಾಹನ: ಎರಡು ತೀರ್ಪುಗಳ ಓದು

ಶಿವಮೊಗ್ಗೆಗೂ ಭದ್ರಾವತಿಗೂ ನಡುವೆ ಇರುವ ದಾರಿ ಸುಮಾರು 20 ಕಿಲೋಮೀಟರು. ಈ ದಾರಿಯಲ್ಲಿ ಸರಕು ಸಾಗಿಸುವ ಸಣ್ಣ ಗಾಡಿಯೊಂದರಲ್ಲಿ, ಮಾಲೀಕನಿಗೆ ತಿಳಿಯದಂತೆ, ಚಾಲಕನು ರಹದಾರಿಯಿಲ್ಲದ ಮದ್ಯದ ಪೆಟ್ಟಿಗೆಗಳನ್ನು ಒಯ್ದನೆಂದು ಭಾವಿಸೋಣ. ಗಾಡಿ ಜಪ್ತಿಯಾಗುತ್ತದೆ. ಅದನ್ನು ಬಿಡಿಸಿಕೊಳ್ಳಲು ಮಾಲೀಕನು ಯಾರ ಬಾಗಿಲಿಗೆ ಹೋಗಬೇಕು? ಭದ್ರಾವತಿಯ ಮ್ಯಾಜಿಸ್ಟ್ರೇಟರ ನ್ಯಾಯಾಲಯಕ್ಕೋ, ಶಿವಮೊಗ್ಗೆಯ ಅಬಕಾರಿ ಉಪ ಆಯುಕ್ತರ ಕಚೇರಿಗೋ? ಬಹುಮಂದಿ ಇದಕ್ಕೆ ಉತ್ತರವನ್ನು ಸರ್ವೋಚ್ಚ ನ್ಯಾಯಾಲಯದ ಒಂದೇ ತೀರ್ಪಿನಲ್ಲಿ ಹುಡುಕುವರು. ಆ ತೀರ್ಪನ್ನು ಅವರು ಓದುವ ಬಗೆಯಲ್ಲಿಯೇ ದೋಷವಿದೆಯೆಂಬುದು ನಮ್ಮ ಅಭಿಪ್ರಾಯ.

ಮೊದಲು ಮಾತಿನ ವಿಚಾರ. ಜಪ್ತಿ ಬೇರೆ, ಮುಟ್ಟುಗೋಲು ಬೇರೆ. ಜಪ್ತಿಯಿಂದ ಸ್ವತ್ತು ಕೈ ಬದಲಾಯಿಸುತ್ತದೆಯೇ ಹೊರತು ಒಡೆತನ ಬದಲಾಗದು. ಮುಟ್ಟುಗೋಲಿನಿಂದ ಒಡೆತನವೇ ಸರ್ಕಾರಕ್ಕೆ ಸೇರುತ್ತದೆ. ವಿದ್ಯಾರ್ಥಿಗಳ ಉತ್ತರಪತ್ರಿಕೆಗಳಲ್ಲಿ ಇವೆರಡೂ ಒಂದಾಗಿಬಿಡುವುದನ್ನು ನಾವು ಮತ್ತೆ ಮತ್ತೆ ಕಂಡಿದ್ದೇವೆ.

ಸುಂದರಭಾಯಿ ಅಂಬಾಲಾಲ್ ದೇಸಾಯಿ ವಿರುದ್ಧ ಗುಜರಾತ್ ರಾಜ್ಯ ಎಂಬ ಮೊಕದ್ದಮೆಯ ತೀರ್ಪು 2002ರದು. ಠಾಣೆಯ ಮುದ್ದೆಮಾಲನ್ನು ದುರುಪಯೋಗಪಡಿಸಿಕೊಂಡರೆಂಬ ಆರೋಪ ಅಲ್ಲಿ ಪೊಲೀಸರ ಮೇಲೆಯೇ ಇತ್ತು. ವಾಹನಗಳನ್ನು ಠಾಣೆಯ ಅಂಗಳದಲ್ಲಿ ಬಹುಕಾಲ ನಿಲ್ಲಿಸಿ ಪ್ರಯೋಜನವಿಲ್ಲ; ಪಂಚನಾಮೆ ಮಾಡಿ, ಛಾಯಾಚಿತ್ರ ತೆಗೆದು, ಮುಚ್ಚಳಿಕೆ ಮತ್ತು ಭದ್ರತೆ ಪಡೆದು, ಮ್ಯಾಜಿಸ್ಟ್ರೇಟರು ಬೇಗನೆ ಆಜ್ಞೆ ಮಾಡಬೇಕೆಂದು ನ್ಯಾಯಾಲಯ ಹೇಳಿತು. ಇದಕ್ಕೆ ಆಧಾರವಾಗಿ ಎತ್ತಿಕೊಂಡ 1977ರ ತೀರ್ಪು ನಮ್ಮ ನಾಡಿನದೇ. ಹಿಂದಿನ ಮೈಸೂರು ರಾಜ್ಯದ ಮಹಿಳೆಯೊಬ್ಬರ ಕಳುವಾದ ಒಡವೆಗಳು ಪತ್ತೆಯಾಗಿ, ಪೊಲೀಸರ ವಶದಲ್ಲಿದ್ದ ಪೆಟ್ಟಿಗೆಯಲ್ಲಿ ಕಡೆಗೆ ಕಲ್ಲುಗಳು ಮಾತ್ರ ಉಳಿದಿದ್ದುವು. ಬೆಲೆಯನ್ನು ಸರ್ಕಾರವೇ ಕೊಡಬೇಕಾಯಿತು. ಗಾಡಿ ಕಲ್ಲಾಗುವುದಿಲ್ಲ, ನಿಜ, ತುಕ್ಕಾಗುತ್ತದೆ. ಕಬ್ಬಿಣದಿಂದ ಹೆಸರಾದ ಭದ್ರಾವತಿಯವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಆದರೆ 2002ರ ತೀರ್ಪು ನಿಂತಿರುವುದು ದಂಡ ಪ್ರಕ್ರಿಯಾ ಸಂಹಿತೆಯ 451ನೆಯ ಕಲಮಿನ ಮೇಲೆ, ಎಂದರೆ ಮ್ಯಾಜಿಸ್ಟ್ರೇಟರ ಸಾಮಾನ್ಯ ಅಧಿಕಾರದ ಮೇಲೆ. 1965ರ ಅಬಕಾರಿ ಕಾಯಿದೆಯಾದರೋ 43ನೆಯ ಕಲಮಿನಲ್ಲಿಯೂ ಅದರ ಬೆನ್ನಿಗೆ ಸೇರಿದ ಕಲಮುಗಳಲ್ಲಿಯೂ ಮುಟ್ಟುಗೋಲಿಗೆ ತನ್ನದೇ ಆದ ಮಾರ್ಗವನ್ನು ಹಾಕಿದೆ. ಇಂಥ ವಿಶೇಷ ಕಾನೂನಿನ ಸನ್ನಿವೇಶಕ್ಕೆ ಹತ್ತಿರವಾದುದು 2000ದ ತೀರ್ಪು: ಕರ್ನಾಟಕ ರಾಜ್ಯ ವಿರುದ್ಧ ಕೆ. ಕೃಷ್ಣನ್. ಅದು ಅರಣ್ಯಾಪರಾಧದ ಮೊಕದ್ದಮೆ. ಮುಟ್ಟುಗೋಲಿಗೆ ಗುರಿಯಾಗುವ ವಾಹನವನ್ನು ವಿಚಾರಣೆ ಮುಗಿಯುವ ಮುನ್ನ ಸಾಮಾನ್ಯವಾಗಿ ಬಿಡಕೂಡದು, ಇಲ್ಲಿ ಔದಾರ್ಯ ಸಲ್ಲದು ಎಂಬುದು ಅದರ ನಿಲುವು. ವಾಹನ ಬಿಡಿಸಲು 2002ನ್ನು ಉದ್ಧರಿಸುವ ವಕೀಲರು 2000ವನ್ನು ಮರೆಯುವರು. ವಿರೋಧಿಸುವ ಸರ್ಕಾರಿ ವಕೀಲರು ಇದರ ವಿಪರ್ಯಯವನ್ನು ಮಾಡುವರು.

ಎರಡನ್ನೂ ಕೊನೆಯವರೆಗೆ ಓದಿದರೆ ವಿರೋಧ ಅಷ್ಟು ದೊಡ್ಡದಲ್ಲ. 2000ದ ತೀರ್ಪು ಬಾಗಿಲನ್ನು ಪೂರ್ತಿ ಮುಚ್ಚಿಲ್ಲ; ಬಿಡುವುದಾದರೆ ಕಾರಣ ಬರೆದು, ಕನಿಷ್ಠಪಕ್ಷ ಬ್ಯಾಂಕ್ ಖಾತರಿ ಪಡೆದು ಬಿಡಬೇಕೆಂದಿತು. ನಮ್ಮ ಆಕ್ಷೇಪಣೆ ಇರುವುದು ಈ ಷರತ್ತಿನಲ್ಲಿಯೇ. ಹತ್ತು ಲಾರಿಗಳ ಒಡೆಯನಿಗೆ ಬ್ಯಾಂಕ್ ಖಾತರಿ ಒಂದು ದಿನದ ಕೆಲಸ. ಸಾಲ ಮಾಡಿ ಒಂದೇ ಗಾಡಿ ಕೊಂಡವನು ಠೇವಣಿಯನ್ನು ಎಲ್ಲಿಂದ ತಂದಾನು? ಗಾಡಿ ನಿಂತರೂ ಕಂತು ನಿಲ್ಲದು. ತನಗೆ ತಿಳಿಯದೆ ಕೃತ್ಯ ನಡೆಯಿತೆಂದು ತೋರಿಸಿಕೊಳ್ಳುವ ಹೊಣೆಯೂ ಅವನ ತಲೆಯ ಮೇಲಿದೆ. ಅವನು ಅದನ್ನು ತೋರಿಸಿ ಗೆಲ್ಲುವ ಹೊತ್ತಿಗೆ ಗಾಡಿಯ ಬೆಲೆ ಎಷ್ಟು ಉಳಿದೀತು? ಕಾಡನ್ನು ಕಡಿದವನಿಗೆ ಭಯ ಹುಟ್ಟಿಸಬೇಕೆಂಬ ಕಾರಣವನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ಅಪರಾಧ ಸ್ಥಾಪಿತವಾಗುವ ಮೊದಲೇ ತಗಲುವ ನಷ್ಟಕ್ಕೆ ಶಿಕ್ಷೆಯೆಂಬ ಹೆಸರೊಂದಿಲ್ಲ, ಅಷ್ಟೆ. ಸರ್ಕಾರಕ್ಕಾದರೂ ಲಾಭವೆಲ್ಲಿ? ಕಡೆಗೆ ಹರಾಜಿಗೆ ಬರುವುದು ಗುಜರಿ.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497ನೆಯ ಕಲಮು ಹಳೆಯ 451ರ ಸ್ಥಾನಕ್ಕೆ ಬಂದಿದೆ. 14 ದಿನಗಳಲ್ಲಿ ಸ್ವತ್ತಿನ ವಿವರಪಟ್ಟಿ, ಅನಂತರ 30 ದಿನಗಳಲ್ಲಿ ವಿಲೇವಾರಿಯ ಆಜ್ಞೆ ಎಂದು ಅದು ಗಡುವು ಹಾಕಿದೆ. ಈ ದಿನಗಣನೆ ನ್ಯಾಯಾಲಯದ ಅಥವಾ ಮ್ಯಾಜಿಸ್ಟ್ರೇಟರ ಮುಂದೆ ಬಂದ ಸ್ವತ್ತಿಗೆ ಸಂಬಂಧಿಸಿದುದು. ಅಬಕಾರಿ ಅಧಿಕಾರಿಯ ಮೇಜಿನ ಮೇಲಿರುವ ಕಡತಕ್ಕೂ ಅದು ಸಲ್ಲುವುದೆಂದು ಕಲಮಿನ ಮಾತುಗಳು ಹೇಳುವುದಿಲ್ಲ. ನಮ್ಮ ಮಾಲೀಕನ ಗಾಡಿ ಇರುವುದು ಆ ಕಡತದಲ್ಲಿಯೇ.